ಓದುಗರ ಪ್ರಶ್ನೆ: ನಿಜವಾದ ಸಂಕಟಕ್ಕೆ ರಕ್ತಪಿಶಾಚಿಯ ಕಥೆ ಏಕೆ?

ಪ್ರಶ್ನೆ: ನಮ್ಮ ಓದುಗರ ಬಳಗದಲ್ಲಿ ಈ ಮಳೆಗಾಲ ಅಮೆರಿಕದ ಕಪ್ಪು ಲೆಸ್ಬಿಯನ್ ಲೇಖಕಿಯರನ್ನು ಓದುತ್ತಿದ್ದೇವೆ. ಜುವೆಲ್ ಗೊಮೆಜ್ ಅವರ ‘ದ ಗಿಲ್ಡಾ ಸ್ಟೋರೀಸ್’ ಕಾದಂಬರಿಯ ನಾಯಕಿ ರಕ್ತಪಿಶಾಚಿ ಎಂದು ತಿಳಿದು ಕೆಲವರು ಪುಸ್ತಕವನ್ನು ಬದಿಗಿಟ್ಟರು. ಗುಲಾಮಗಿರಿಯಂಥ ಸಂಕಟವನ್ನು ಹೇಳಲು ಇಂಥ ಕಲ್ಪನೆಯ ಮೊರೆ ಹೋಗುವುದು ವಾಸ್ತವದಿಂದ ತಪ್ಪಿಸಿಕೊಂಡಂತಲ್ಲವೇ? ಆಕ್ಟೇವಿಯಾ ಬಟ್ಲರ್ ಅವರನ್ನೂ ಇದೇ ಸಾಲಿಗೆ ಸೇರಿಸಬಹುದೇ?
– ನಿವೃತ್ತ ಶಿಕ್ಷಕಿ, ವಿರಾಜಪೇಟೆ

ಉತ್ತರ: ಮೊದಲು ಎರಡನೆಯ ಪ್ರಶ್ನೆ. ಬಟ್ಲರ್ ಕಪ್ಪು ಮಹಿಳೆಯರ ವೈಜ್ಞಾನಿಕ ಕಥನಕ್ಕೆ ದಾರಿ ತೆರೆದವರು. 1979ರ ‘ಕಿಂಡ್ರೆಡ್’ ಕಾದಂಬರಿಯಲ್ಲಿ ತಮ್ಮ ಕಾಲದ ಕಪ್ಪು ಹೆಣ್ಣೊಬ್ಬಳನ್ನು ಗುಲಾಮಗಿರಿಯ ಕಾಲದ ಮೇರಿಲ್ಯಾಂಡಿಗೆ ಎಳೆದೊಯ್ದವರು. ಆದರೆ ಅವರು ತಮ್ಮನ್ನು ಲೆಸ್ಬಿಯನ್ ಎಂದು ಕರೆದುಕೊಳ್ಳಲಿಲ್ಲವಾದ್ದರಿಂದ ನಾವೂ ಹಾಗೆ ಕರೆಯುವುದು ಸರಿಯಲ್ಲ. ಗೊಮೆಜ್ ಆದರೋ ಆ ಗುರುತನ್ನು ಬಹಿರಂಗವಾಗಿ ಹೊತ್ತೇ ಬರೆದವರು.

ಇನ್ನು ಮೊದಲನೆಯದು. ಕೊಡಗಿನ ಐನ್‌ಮನೆಗಳಲ್ಲಿ, ಅಂದರೆ ಕುಲದ ಮೂಲಮನೆಗಳಲ್ಲಿ, ಕುಲದ ಮೂಲಪುರುಷರಾದ ಗುರುಕಾರೋಣರನ್ನು ನೆನೆಯುವವರಿಗೆ ಹಿರಿಯರ ಹೆಸರು ಹೇಳಿ ಕೈಮುಗಿಯುವುದು ಸಹಜವಾದ ಸಂಗತಿ. ಹಾಗೆ ಹೇಳಲು ಹೆಸರೇ ಉಳಿಯದಂತೆ ಮಾಡಲ್ಪಟ್ಟವರ ಸ್ಥಿತಿಯನ್ನು ತಾವು ಒಮ್ಮೆ ಯೋಚಿಸಬೇಕು. ಅಮೆರಿಕದಲ್ಲಿ 1850ರ ಜನಗಣತಿ ನಡೆದಾಗ ಗುಲಾಮರಿಗೆ ಪ್ರತ್ಯೇಕ ಪಟ್ಟಿಯಿತ್ತು. ಅದರಲ್ಲಿ ಒಡೆಯನ ಹೆಸರಿನ ಕೆಳಗೆ ಅವರ ವಯಸ್ಸು, ಲಿಂಗ ಮತ್ತು ಮೈಬಣ್ಣವನ್ನು ಬರೆದುಕೊಂಡರೇ ಹೊರತು ಬಹುಪಾಲು ಹೆಸರನ್ನು ಬರೆಯಲಿಲ್ಲ. ಗೊಮೆಜ್ ಅವರ ಕಾದಂಬರಿ ಅದೇ 1850ರ ಲೂಸಿಯಾನಾದಲ್ಲಿ, ಗುಲಾಮಗಿರಿಯಿಂದ ಓಡಿಬಂದು ಕತ್ತಲಲ್ಲಿ ಅಡಗಿ ಕುಳಿತ, ಕಥೆಯೂ ‘ಹುಡುಗಿ’ ಎಂದಷ್ಟೇ ಕರೆಯುವ ಒಬ್ಬಳಿಂದ ಆರಂಭವಾಗುತ್ತದೆ. ಅವಳಿಗೆ ಆಸರೆಯಾದ ಗಿಲ್ಡಾ ಎಂಬ ಹಿರಿಯಳು ಅಳಿದ ಮೇಲೆ ಆ ಹೆಸರು ಹುಡುಗಿಗೆ ಬರುತ್ತದೆ. ರಕ್ತಸಂಬಂಧವಿಲ್ಲದ ಒಬ್ಬ ಹೆಣ್ಣಿನಿಂದ ಇನ್ನೊಬ್ಬಳಿಗೆ ಹೆಸರು ಇಳಿದುಬರುವ ಈ ಘಟ್ಟವೇ ನನ್ನ ಮಟ್ಟಿಗೆ ಇಡೀ ಕೃತಿಯ ಜೀವಾಳ. ವಂಶವೃಕ್ಷದಲ್ಲಿ ಜಾಗ ಸಿಗದವರು ತಮಗೊಂದು ವಂಶವನ್ನು ಕಟ್ಟಿಕೊಂಡ ಬಗೆ ಅದು.

ದಾಖಲೆಯೇ ಬರಿದಾಗಿರುವಾಗ ವಾಸ್ತವವಾದಿ ಕಾದಂಬರಿಕಾರ ಏನನ್ನು ಆಧರಿಸಿ ಬರೆಯಬೇಕು? ಕಪ್ಪು ಲೆಸ್ಬಿಯನ್ ಕವಯಿತ್ರಿ ಆಡ್ರೆ ಲಾರ್ಡ್ ಅವರು 1982ರಲ್ಲಿ ಪ್ರಕಟಿಸಿದ ‘ಜಾಮಿ’ಯನ್ನು ಬರಿಯ ಆತ್ಮಕಥೆ ಎನ್ನದೆ, ಜೀವನಚರಿತ್ರೆ ಮತ್ತು ಪುರಾಣ ಎರಡನ್ನೂ ಬೆಸೆದ ಹೊಸ ಪದವೊಂದರಿಂದ ಕರೆದದ್ದೂ ಇಂಥದೇ ಒತ್ತಡದಿಂದ ಎಂದು ನಾನು ಭಾವಿಸುತ್ತೇನೆ.

ರಕ್ತಪಿಶಾಚಿಯೇ ಏಕೆ ಎಂಬುದಕ್ಕೂ ಕಾರಣವಿದೆ. ತಾನೂ ರಕ್ತಪಿಶಾಚಿಯಾಗಿ ಗಿಲ್ಡಾ ಎಂಬ ಹೆಸರು ಹೊತ್ತ ಆ ಹುಡುಗಿ ಮುಪ್ಪು ಬಾರದೆ 1850ರಿಂದ 2050ರವರೆಗೆ ಬದುಕುತ್ತಾಳೆ. ಹೀಗಾಗಿ ಕಪ್ಪು ಹೆಣ್ಣೊಬ್ಬಳು ಇನ್ನೂರು ವರ್ಷಗಳನ್ನು ತನ್ನ ಕಣ್ಣಿನಿಂದಲೇ ನೋಡಿ, ಬರಲಿರುವ ಕಾಲದಲ್ಲೂ ಹೆಣ್ಣುಗಳನ್ನು ಪ್ರೀತಿಸುತ್ತ ಬಾಳುವುದು ಸಾಧ್ಯವಾಗುತ್ತದೆ. 1991ರಲ್ಲಿ ಪ್ರಕಟವಾದ ಪುಸ್ತಕಕ್ಕೆ ಇದು ಸಣ್ಣ ಧೈರ್ಯವಲ್ಲ. ಅದಕ್ಕಿಂತ ಮುಖ್ಯವಾಗಿ, ಅವಳು ಹಸಿವಿಗಾಗಿ ಕೊಲ್ಲುವವಳಲ್ಲ. ನಿದ್ರಿಸುವವರಿಂದ ಒಂದಿಷ್ಟು ರಕ್ತ ಪಡೆದಾಗ, ಅವರ ಮನಸ್ಸನ್ನು ಅರಿತು, ಅವರಿಗೆ ಬೇಕಾದ ಒಂದು ಕನಸನ್ನೋ ಧೈರ್ಯವನ್ನೋ ಅಲ್ಲಿ ಇಟ್ಟು ಹೋಗುತ್ತಾಳೆ. ಇನ್ನೊಬ್ಬರ ಮೈಯಿಂದ ಎಲ್ಲವನ್ನೂ ಹೀರಿ ಏನನ್ನೂ ಹಿಂದಿರುಗಿಸದವನು ತೋಟದ ಒಡೆಯ. ಕಾದಂಬರಿಯಲ್ಲಿ ನಿಜವಾದ ರಕ್ತಪಿಶಾಚಿ ಯಾರೆಂಬುದು ಅಲ್ಲಿಯೇ ತಿಳಿಯುತ್ತದೆ.

ಪುಸ್ತಕವನ್ನು ಬದಿಗಿಟ್ಟ ಗೆಳತಿಯರಿಗೆ ಮೊದಲ ಅಧ್ಯಾಯವನ್ನು ತಾವೇ ಓದಿ ಹೇಳಿ. ಹುಡುಗಿಗೆ ಹೆಸರು ಸಿಗುವವರೆಗಾದರೂ ಅವರು ಕುಳಿತು ಕೇಳಲಿ.