ಕಾಲವನ್ನು ಹರಿಯುವ ದ್ರವ್ಯವೆಂದು ನಂಬುವ ಶಾಸ್ತ್ರವೊಂದು ಕಥೆಯಲ್ಲಿ ನಿಂತೀತೇ?

ಧಾರವಾಡದ ಕೆಲವು ವಿದ್ವಾಂಸರು ಕಾಲವನ್ನು ಹರಿಯುವ ದ್ರವ್ಯವೆಂದು ನಂಬಿ ಅದಕ್ಕೊಂದು ಶಾಸ್ತ್ರವನ್ನೇ ಕಟ್ಟುವ ಕಥೆ ಬರೆಯುತ್ತಿರುವುದಾಗಿ ತಿಳಿಸಿ, ವಿಜ್ಞಾನ ಬಲ್ಲ ಓದುಗರು ಮೊದಲ ಪುಟದಲ್ಲೇ ನಕ್ಕುಬಿಡದಂತೆ ಅದನ್ನು ನಿಲ್ಲಿಸುವುದು ಹೇಗೆಂದು ಕೇಳಿದ್ದೀರಿ. ಇದೇ ಊರಿನಲ್ಲಿ ಬಹುಕಾಲ ಭೌತವಿಜ್ಞಾನ ಕಲಿಸಿದ ನನಗೆ ತೋರುವುದು ಇಷ್ಟು: ಶಾಸ್ತ್ರ ತಪ್ಪಾಗಿದ್ದರೂ ಅಡ್ಡಿಯಿಲ್ಲ, ಆದರೆ ಅಳತೆಗೆ ಸಿಗುವಂಥ ಯಾವುದಾದರೊಂದು ಮಾತನ್ನು ಅದು ಮೊದಲೇ ಹೇಳಿಟ್ಟಿರಬೇಕು.

ಇಲ್ಲದ ದ್ರವ್ಯವನ್ನು ನಂಬಿ ಒಳ್ಳೆಯ ವಿಜ್ಞಾನ ಬೆಳೆದದ್ದುಂಟು. ಫ್ರೆಂಚ್ ರಸಾಯನಶಾಸ್ತ್ರಜ್ಞ ಲವಾಸಿಯೆ 1789ರಲ್ಲಿ ಪ್ರಕಟಿಸಿದ ಮೂಲವಸ್ತುಗಳ ಪಟ್ಟಿಯಲ್ಲಿ ಆಮ್ಲಜನಕದ ಜೊತೆಗೆ ಕ್ಯಾಲೋರಿಕ್ ಎಂಬ ಶಾಖದ್ರವ್ಯವೂ ಇತ್ತು. ಅದು ಬಿಸಿಯಿಂದ ತಂಪಿನ ಕಡೆಗೆ ಹರಿಯುತ್ತದೆ, ಹೊಸದಾಗಿ ಹುಟ್ಟುವುದಿಲ್ಲ, ನಾಶವಾಗುವುದೂ ಇಲ್ಲ ಎಂಬುದು ಆಗಿನ ತಿಳಿವಳಿಕೆ. ತೋಪಿನ ನಳಿಕೆಯನ್ನು ಕೊರೆಯುವಾಗ ತಿಕ್ಕಾಟ ನಡೆದಷ್ಟು ಹೊತ್ತೂ ಶಾಖ ಬರುತ್ತಲೇ ಇರುತ್ತದೆಂದು ವಿಜ್ಞಾನಿ ರಂಫರ್ಡ್ 1798ರಲ್ಲಿ ತೋರಿಸಿದ ಮೇಲೂ, 1824ರಲ್ಲಿ ಫ್ರೆಂಚ್ ಎಂಜಿನಿಯರ್ ಕಾರ್ನೋ ಅದೇ ಕ್ಯಾಲೋರಿಕ್ಕನ್ನು ನಂಬಿಕೊಂಡೇ ಉಗಿಯಂತ್ರದ ದಕ್ಷತೆಗೆ ಒಂದು ಮೇಲ್ಮಿತಿಯುಂಟೆಂಬ ಸರಿಯಾದ ತೀರ್ಮಾನಕ್ಕೆ ಬಂದನು. ನಿಮ್ಮ ವಿದ್ವಾಂಸರನ್ನೂ ಈ ಸಾಲಿನಲ್ಲಿ ಕೂರಿಸಿ; ಕಾಲವನ್ನು ಸೀಸೆಯಲ್ಲಿ ತುಂಬಿಡುವ ಚಮತ್ಕಾರಗಳನ್ನು ದಯವಿಟ್ಟು ಕೈಬಿಡಿ.

ಅವರಿಗೆ ಎದುರಾಗುವ ಮೊದಲ ಆಕ್ಷೇಪ ವೇಗದ್ದು. ಕಾಲವು ಏಕರೂಪವಾಗಿ ಹರಿಯುತ್ತದೆಂದು ನ್ಯೂಟನ್ 1687ರಲ್ಲಿಯೇ ಬರೆದಿದ್ದನಾದರೂ ಎಷ್ಟು ವೇಗದಲ್ಲಿ ಎಂದು ಹೇಳಲಿಲ್ಲ, ಹೇಳುವುದು ಸಾಧ್ಯವೂ ಇರಲಿಲ್ಲ. ಶಾಲ್ಮಲೆಯ ಹರಿವನ್ನು ದಂಡೆಯ ಮೇಲೆ ನಿಂತು ಗಡಿಯಾರ ಹಿಡಿದು ಅಳೆಯಬಹುದು. ಕಾಲಕ್ಕೆ ದಂಡೆಯೂ ಇಲ್ಲ, ಅದರ ಹೊರಗೆ ಇನ್ನೊಂದು ಗಡಿಯಾರವೂ ಇಲ್ಲ. ಆದ್ದರಿಂದ ನಿಮ್ಮವರು ಒಂದೇ ಜಾಗದ ವೇಗದ ಮಾತೆತ್ತದೆ, ಎರಡು ಜಾಗಗಳ ಹರಿವಿನ ನಡುವಿನ ವ್ಯತ್ಯಾಸವನ್ನಷ್ಟೇ ಅಳೆಯುವುದಾಗಿ ಹೇಳಲಿ. ಆಗ ಆಕ್ಷೇಪ ತಾನಾಗಿಯೇ ಬಿದ್ದುಹೋಗುತ್ತದೆ.

ಇದಕ್ಕೆ ಧಾರವಾಡ ಮತ್ತು ಹುಬ್ಬಳ್ಳಿ ತಕ್ಕ ಜೋಡಿ. ಧಾರವಾಡ ಹುಬ್ಬಳ್ಳಿಗಿಂತ ಹತ್ತಾರು ಮೀಟರು ಎತ್ತರದಲ್ಲಿದೆ, ನಡುವೆ ರೈಲುಮಾರ್ಗವಿದೆ, ನಿಲ್ದಾಣಗಳ ಟೆಲಿಗ್ರಾಫ್ ತಂತಿಯ ಮೂಲಕ ಎರಡೂ ಊರಿನ ಗಡಿಯಾರಗಳನ್ನು ತಾಳೆ ನೋಡಬಹುದು. ಕಥೆಯ ಕಾಲವನ್ನು ಕರ್ನಾಟಕ ಕಾಲೇಜು ಆರಂಭವಾದ 1917ರ ಸುಮಾರಿಗೆ ಇಟ್ಟುಕೊಳ್ಳಿ. ಎತ್ತರ ಹೆಚ್ಚಿದಂತೆ ಗುರುತ್ವ ಕಡಿಮೆಯಾಗಿ ಲೋಲಕದ ಗಡಿಯಾರ ನಿಧಾನವಾಗುತ್ತದೆ. ನೂರು ಮೀಟರಿಗೆ ದಿನಕ್ಕೆ ಸುಮಾರು 1 ಸೆಕೆಂಡು. ಪ್ಯಾರಿಸ್ಸಿನಲ್ಲಿ ಸರಿಪಡಿಸಿದ ಗಡಿಯಾರ ಸಮಭಾಜಕಕ್ಕೆ ಹತ್ತಿರವಿದ್ದು ಗುರುತ್ವ ಕಡಿಮೆಯಿರುವ, ದಕ್ಷಿಣ ಅಮೆರಿಕದ ಕೇಯೆನ್ನಿನಲ್ಲಿ ದಿನಕ್ಕೆ ಸುಮಾರು ಎರಡೂವರೆ ನಿಮಿಷ ಹಿಂದೆ ಬೀಳುವುದನ್ನು ಫ್ರೆಂಚ್ ಖಗೋಳಜ್ಞ ರಿಶೆ 1672ರಷ್ಟು ಹಿಂದೆಯೇ ಕಂಡಿದ್ದನು. ನಿಮ್ಮ ವಿದ್ವಾಂಸರು ಇದನ್ನೆಲ್ಲ ಒಟ್ಟಿಗೆ ಓದಿ, ಕಾಲವು ತಗ್ಗಿನಲ್ಲಿ ರಭಸವಾಗಿಯೂ ಎತ್ತರದಲ್ಲಿ ಮಂದವಾಗಿಯೂ ಹರಿಯುತ್ತದೆಂದು ಸಾರಿದರೆ ಆ ಕಾಲದ ಓದುಗರಿಗೆ ಅದು ಹುಚ್ಚೆನಿಸುತ್ತಿರಲಿಲ್ಲ.

ಜಗಳಕ್ಕೂ ಇಲ್ಲಿ ಬೇಕಾದಷ್ಟು ಜಾಗವಿದೆ. ಉಕ್ಕಿನ ಕಡ್ಡಿಯ ಲೋಲಕವು ಒಂದು ಡಿಗ್ರಿ ಸೆಲ್ಸಿಯಸ್ ಬಿಸಿಯೇರಿದರೂ ದಿನಕ್ಕೆ ಅರ್ಧ ಸೆಕೆಂಡಿನಷ್ಟು ಹಿಂದೆ ಬೀಳುತ್ತದೆ. ಧಾರವಾಡ ಹುಬ್ಬಳ್ಳಿಗಿಂತ ತಂಪು. ಆದ್ದರಿಂದ ಎತ್ತರವು ನಿಧಾನಗೊಳಿಸಿದ್ದನ್ನು ತಂಪು ಚುರುಕುಗೊಳಿಸಿ, ಫಲಿತಾಂಶವೇ ಅಳಿಸಿಹೋಗಬಹುದು. ಶಿಷ್ಯರಲ್ಲಿ ಒಬ್ಬನಾದರೂ ಶಾಖಕ್ಕೆ ಅಷ್ಟಾಗಿ ಹಿಗ್ಗದ, 1896ರಲ್ಲಿ ಕಂಡುಹಿಡಿದ ಇನ್ವಾರ್ ಮಿಶ್ರಲೋಹದ ಕಡ್ಡಿಗಾಗಿ ಹಟ ಹಿಡಿಯಲಿ.

ಶಾಸ್ತ್ರ ಬೀಳುವುದು ಕ್ರೋನೋಮೀಟರ್ ಎಂಬ ಹಡಗಿನ ನಿಖರ ಗಡಿಯಾರದಿಂದ. ಅದರಲ್ಲಿ ಲೋಲಕವಿಲ್ಲ, ಸ್ಪ್ರಿಂಗಿನ ಬಲದಿಂದ ಅತ್ತಿತ್ತ ಆಡುವ ಚಕ್ರವಿದೆ, ಅದರ ಆಟಕ್ಕೆ ಗುರುತ್ವದ ಹಂಗಿಲ್ಲ. ಕಾಲವೇ ಮಂದವಾಗುವುದಾದರೆ ಎರಡೂ ಬಗೆಯ ಗಡಿಯಾರಗಳು ಸಮನಾಗಿ ಹಿಂದೆ ಬೀಳಬೇಕಿತ್ತು. ಬೀಳುವುದು ಲೋಲಕ ಮಾತ್ರ. ರಂಫರ್ಡನ ತೋಪು ಕ್ಯಾಲೋರಿಕ್ಕಿಗೆ ಕೊಟ್ಟ ಪೆಟ್ಟನ್ನು ಈ ಪುಟ್ಟ ಗಡಿಯಾರ ಹುಬ್ಬಳ್ಳಿಯಿಂದ ರೈಲಿನಲ್ಲಿ ಬಂದು ಕೊಡಲಿ.

ನಿಜಸಂಗತಿ ಇನ್ನೂ ವಿಚಿತ್ರವಾಗಿದೆ. ಎತ್ತರದಿಂದ ಕಾಲದ ಗತಿ ಬದಲಾಗುವುದು ಹೌದು, ಆದರೆ ತಿರುವುಮುರುವಾಗಿ: ಐನ್‌ಸ್ಟೈನ್ ಹೇಳಿದಂತೆ ಮೇಲಿನ ಗಡಿಯಾರವೇ ವೇಗವಾಗಿ ನಡೆಯುತ್ತದೆ, ನೂರು ಮೀಟರಿಗೆ ದಿನಕ್ಕೆ ಒಂದು ನ್ಯಾನೋಸೆಕೆಂಡಿಗಿಂತ (ಸೆಕೆಂಡಿನ ನೂರು ಕೋಟಿಯಲ್ಲಿ ಒಂದು ಪಾಲು) ತುಸು ಕಡಿಮೆ. ಟೋಕಿಯೋದ ಸ್ಕೈಟ್ರೀ ಗೋಪುರದಲ್ಲಿ 450 ಮೀಟರಿನ ಅಂತರಕ್ಕೆ ಇದನ್ನು ಅಳೆದ ಫಲಿತಾಂಶ 2020ರಲ್ಲಿ ಪ್ರಕಟವಾಯಿತು. ಕ್ರೋನೋಮೀಟರಿನ ದಿನನಿತ್ಯದ ಏರುಪೇರೇ ಇದರ ಕೋಟ್ಯಂತರ ಪಾಲು ದೊಡ್ಡದು. ಆದ್ದರಿಂದ ಸೋತ ವಿದ್ವಾಂಸರನ್ನು ಕೊನೆಯ ಅಧ್ಯಾಯದಲ್ಲಿ ಐನ್‌ಸ್ಟೈನ್ ಹೆಸರಿನಲ್ಲಿ ಗೆಲ್ಲಿಸುವ ಆಸೆಯಾದರೂ ಹಾಗೆ ಮಾಡಬೇಡಿ. ಅವರು ಅಳೆದದ್ದು ಬೇರೆ, ಅವರ ದಿಕ್ಕೂ ತಪ್ಪು, ಮತ್ತು ಬಲ್ಲ ಓದುಗರು ನಗುವುದಿದ್ದರೆ ಅಲ್ಲಿಯೇ ನಗುತ್ತಾರೆ.