ಒಳದಾರಿ ಹಿಡಿದವರಿಗೆ: ಓದುಗರ ಪ್ರಶ್ನೆ, ನಮ್ಮ ಉತ್ತರ

ಹೆದ್ದಾರಿ ಬಿಟ್ಟು ಹಳ್ಳಿ ರಸ್ತೆಗಳಲ್ಲಿ ನಿಧಾನವಾಗಿ ಸುತ್ತುವ ಬಗ್ಗೆ ಬಂದ ಪತ್ರಗಳಿಂದ ಆರಿಸಿದ ಪ್ರಶ್ನೆಗಳು ಇಲ್ಲಿವೆ. ಒಕ್ಕಣೆ ಕಾಲ ಹತ್ತಿರ ಬಂದಿರುವುದರಿಂದ ಎರಡನೆಯ ಉತ್ತರವನ್ನು ಎಲ್ಲರೂ ಓದಿಕೊಂಡು ಹೊರಡಿ.

ಪ್ರಶ್ನೆ: ತರೀಕೆರೆಯಿಂದ ಕೊಲ್ಲೂರಿಗೆ ಮಲೆನಾಡಿನ ಒಳದಾರಿಗಳಲ್ಲೇ ಹೋಗಬೇಕೆಂಬ ಆಸೆ. ಕಾರಿನಲ್ಲಿ ನಾಲ್ವರು, ಇಬ್ಬರು ಅರವತ್ತು ದಾಟಿದವರು. ಎರಡು ದಿನ ಸಾಕೇ? (ದಾವಣಗೆರೆಯ ಓದುಗರು)

ಉತ್ತರ: ಮೂರು ದಿನ ಇಟ್ಟುಕೊಳ್ಳಿ. ಈ ದಾರಿಗಳಲ್ಲಿ ಲೆಕ್ಕ ಹಾಕಬೇಕಾದದ್ದು ಗಂಟೆಯನ್ನು, ಕಿಲೋಮೀಟರನ್ನಲ್ಲ. ತಿರುವು, ಎದುರು ಬಸ್ಸಿಗೆ ದಾರಿ ಬಿಡುವುದು, ದನ ದಾಟುವವರೆಗೆ ನಿಲ್ಲುವುದು ಎಲ್ಲ ಸೇರಿ ಗಂಟೆಗೆ 25ರಿಂದ 30 ಕಿ.ಮೀ. ಸಾಗಿದರೆ ಹೆಚ್ಚು. ದಿನಕ್ಕೆ ನಾಲ್ಕು ಗಂಟೆ ಓಡಿಸುವುದಾದರೆ ನೂರು, ನೂರಿಪ್ಪತ್ತು ಕಿ.ಮೀ. ಆಯಿತು. ಹಿರಿಯರು ಜೊತೆಗಿರುವಾಗ ಅದಕ್ಕಿಂತ ಮುಂದೆ ಹೋಗಬೇಡಿ.

ಮೊದಲ ದಿನ ತರೀಕೆರೆಯಿಂದ ಬೆಳಿಗ್ಗೆ ಬೇಗ ಹೊರಟು ಅಮೃತಾಪುರ ನೋಡಿ. ಇಮ್ಮಡಿ ವೀರಬಲ್ಲಾಳನ ಕಾಲದಲ್ಲಿ, 1196ರಲ್ಲಿ ಕಟ್ಟಿದ ಅಮೃತೇಶ್ವರ ಗುಡಿ ಅದು. ತೆರೆದ ಮಂಟಪದ ಹೊರಗೋಡೆಯ ಉದ್ದಕ್ಕೂ ಪುರಾಣದ ಕಥೆಗಳನ್ನು ಕೆತ್ತಿದ್ದಾರೆ. ಓರೆ ಬಿಸಿಲಿನಲ್ಲಿ ಆ ಶಿಲ್ಪಗಳು ಎದ್ದು ಕಾಣುತ್ತವೆ, ನಡುಹಗಲಿನಲ್ಲಿ ಚಪ್ಪಟೆಯಾಗಿಬಿಡುತ್ತವೆ. ಮುಂದೆ ಲಕ್ಕವಳ್ಳಿ, ಭದ್ರಾ ಜಲಾಶಯದ ಆಸುಪಾಸಿನ ಕಾಡು, ನರಸಿಂಹರಾಜಪುರ, ಕೊಪ್ಪ. ರಾತ್ರಿ ಕೊಪ್ಪದಲ್ಲಿ ತಂಗಿ.

ಎರಡನೆಯ ದಿನ ಕೊಪ್ಪದಿಂದ ತೀರ್ಥಹಳ್ಳಿಯ ದಾರಿಯಲ್ಲೇ ಗಡಿಕಲ್ಲು ಎಂಬ ಊರಿನ ಹತ್ತಿರ ಕುಪ್ಪಳಿಗೆ ತಿರುವು ಸಿಗುತ್ತದೆ. ಕುವೆಂಪು ಮನೆ ಮತ್ತು ಕವಿಶೈಲಕ್ಕೆ ಎರಡು ಗಂಟೆ ಬಿಡಿ. ಮಧ್ಯಾಹ್ನದ ನಂತರ ಕವಲೇದುರ್ಗದ ಬೆಟ್ಟದ ಕೋಟೆ. ಅಲ್ಲಿ ಕಾರು ಬುಡದವರೆಗೆ ಮಾತ್ರ. ಗದ್ದೆಯ ಬದಿಯಿಂದ ಶುರುವಾಗಿ ಕಲ್ಲುಹಾಸಿನ ದಾರಿಯಲ್ಲಿ, ಒಂದರ ಹಿಂದೆ ಒಂದು ಬಾಗಿಲು ದಾಟಿ ನಡೆದೇ ಹತ್ತಬೇಕು. ಹೋಗಿ ಬರಲು ಎರಡೂವರೆಯಿಂದ ಮೂರು ಗಂಟೆ ಬೇಕು. ಮಂಡಿ ನೋವಿದ್ದವರು ಮೊದಲ ಬಾಗಿಲವರೆಗೆ ಹೋಗಿ ಕೂತರೂ ಆ ಜಾಗ ತೃಪ್ತಿ ಕೊಡುತ್ತದೆ. ಪಾಚಿ ಹಿಡಿದ ಕಲ್ಲಿನ ಮೇಲೆ ಸವೆದ ಚಪ್ಪಲಿ ಬೇಡ. ಮೂರೂವರೆಯೊಳಗೆ ಹತ್ತಲು ತೊಡಗದಿದ್ದರೆ ಇಳಿಯುವಷ್ಟರಲ್ಲಿ ಕತ್ತಲಾಗುತ್ತದೆ. ತಡವಾದರೆ ತೀರ್ಥಹಳ್ಳಿಯಲ್ಲೇ ಉಳಿದು ಕೋಟೆಯನ್ನು ಮರುದಿನ ಬೆಳಿಗ್ಗೆ ನೋಡಿ.

ಮೂರನೆಯ ದಿನ ನಗರ. ಹೊಸನಗರ ಬೇರೆ, ನಗರ ಬೇರೆ; ಮ್ಯಾಪಿನಲ್ಲಿ ಹುಡುಕುವಾಗ ಇಲ್ಲಿ ಬಹಳ ಜನ ತಪ್ಪುತ್ತಾರೆ. ಹಿಂದೆ ಬಿದನೂರು ಎಂದು ಕರೆಸಿಕೊಂಡು ಕೆಳದಿ ಅರಸರ ರಾಜಧಾನಿಯಾಗಿದ್ದ ಊರು ಇದು. ಕೋಟೆ ರಸ್ತೆಯ ಪಕ್ಕದಲ್ಲೇ ಇದೆ, ಹಿರಿಯರಿಗೂ ಕಷ್ಟವಿಲ್ಲ. ಹತ್ತಿರದ ದೇವಗಂಗೆಯ ಕೊಳಗಳನ್ನು ನೋಡಿಕೊಂಡು ಸಂಪೆಕಟ್ಟೆ, ನಿಟ್ಟೂರು, ನಾಗೋಡಿ ಘಾಟಿ ಇಳಿದರೆ ಕೊಲ್ಲೂರು. ಅಲ್ಲಿಂದ ಸಾಗರದ ಕಡೆಗೆ ಹೊರಡುವವರು ಒಂದು ಬದಲಾವಣೆ ತಿಳಿದಿರಲಿ. ಸಿಗಂದೂರಿನ ಬಳಿ ಶರಾವತಿ ಹಿನ್ನೀರು ದಾಟಲು ಈಗ ಲಾಂಚಿಗೆ ಕಾಯಬೇಕಿಲ್ಲ. 2.44 ಕಿ.ಮೀ. ಉದ್ದದ ಸೇತುವೆ 2025ರ ಜುಲೈನಲ್ಲಿ ತೆರೆದಿದೆ. ಹಳೆಯ ಪ್ರವಾಸ ಪುಸ್ತಕಗಳಲ್ಲಿನ ಲಾಂಚ್ ಸಮಯವನ್ನು ನೆಚ್ಚಿ ದಿನದ ಲೆಕ್ಕ ಹಾಕಬೇಡಿ.

ಪೆಟ್ರೋಲನ್ನು ತಾಲ್ಲೂಕು ಕೇಂದ್ರಗಳಲ್ಲೇ ತುಂಬಿಸಿ, ಅರ್ಧ ಟ್ಯಾಂಕಿಗಿಂತ ಕೆಳಗಿಳಿಸಬೇಡಿ. ನೆಟ್‌ವರ್ಕ್ ಇಲ್ಲದ ಕಡೆ ಫೋನಿನಿಂದ ಹಣ ಕೊಡಲು ಆಗುವುದಿಲ್ಲ, ಎರಡು ಸಾವಿರ ರೂಪಾಯಿ ಚಿಲ್ಲರೆ ನೋಟಾಗಿ ಕೈಯಲ್ಲಿರಲಿ.

ಪ್ರಶ್ನೆ: ಚಿಕ್ಕನಾಯಕನಹಳ್ಳಿ, ಹುಳಿಯಾರು, ಹೊಸದುರ್ಗದ ಕಡೆ ಡಿಸೆಂಬರಿನಲ್ಲಿ ಹೋಗುವವರಿದ್ದೇವೆ. ರಸ್ತೆ ಮೇಲೆ ಹರಡಿದ ಹುರುಳಿಯಿಂದ ಕಾರಿಗೆ ಬೆಂಕಿ ಹತ್ತುತ್ತದೆ ಎನ್ನುತ್ತಾರೆ. ನಿಜವೇ? (ಬೆಂಗಳೂರಿನ ಓದುಗರು)

ಉತ್ತರ: ನಿಜ. ನವೆಂಬರಿನಿಂದ ಜನವರಿವರೆಗೆ ಬಯಲುಸೀಮೆಯ ಹಳ್ಳಿ ರಸ್ತೆಗಳಲ್ಲಿ ಇದಕ್ಕಿಂತ ದೊಡ್ಡ ಅಪಾಯ ಇನ್ನೊಂದಿಲ್ಲ. ಕಣ ಮಾಡಿ, ಸೆಗಣಿ ಸಾರಿಸಿ, ಗುಂಡು ಎಳೆಸುವುದಕ್ಕೆ ಈಗ ಆಳೂ ಇಲ್ಲ, ಎತ್ತೂ ಇಲ್ಲ. ಟಾರು ರಸ್ತೆಯ ಮೇಲೆ ಹರಡಿದರೆ ಓಡಾಡುವ ವಾಹನಗಳೇ ಒಕ್ಕಣೆ ಮಾಡುತ್ತವೆ. ರಾಗಿಯೂ ಹೀಗೇ ಬರುತ್ತದೆ, ಆದರೆ ಹುರುಳಿ ಹೆಚ್ಚು ಅಪಾಯ, ಅದು ಬಳ್ಳಿ. ಒಂದಕ್ಕೊಂದು ಹೆಣೆದುಕೊಂಡ ಒಣಬಳ್ಳಿ ಮುಂದಿನ ಚಕ್ರ ತಿರುಗಿಸುವ ಆಕ್ಸಲ್ಲಿಗೆ ನೂಲಿನಂತೆ ಸುತ್ತಿಕೊಳ್ಳುತ್ತದೆ. ಉಳಿದ ತುದಿ ಹೊಗೆ ಕೊಳವೆಗೂ, ಅದರ ಮುಂಭಾಗದಲ್ಲಿ ಹೊಗೆಯನ್ನು ಶುದ್ಧ ಮಾಡುವ ಕ್ಯಾಟಲಿಟಿಕ್ ಕನ್ವರ್ಟರಿಗೂ ತಾಗುತ್ತದೆ. ಕಾರು ಓಡುತ್ತಿರುವಾಗ ಆ ಭಾಗ ನೂರಾರು ಡಿಗ್ರಿ ಕಾದಿರುತ್ತದೆ. ಒಣ ಹೊಟ್ಟು ಮೊದಲು ಕಮರುತ್ತದೆ, ಗಾಳಿ ಸಿಕ್ಕಾಗ ಉರಿಯುತ್ತದೆ. ಅಲ್ಲಿಂದ ಪ್ಲಾಸ್ಟಿಕ್ ಕವಚ, ವೈರು, ಇಂಧನದ ಪೈಪಿಗೆ ದಾಟಲು ಹೆಚ್ಚು ಹೊತ್ತು ಬೇಡ. ಬೆಂಕಿ ಸಾಮಾನ್ಯವಾಗಿ ಹುರುಳಿಯ ಮೇಲಿರುವಾಗ ಕಾಣುವುದಿಲ್ಲ, ದಾಟಿ ಮುಂದೆ ಹೋದ ಮೇಲೆ ಕಾಣುತ್ತದೆ. ಅದಕ್ಕೇ ಜನ ಮೋಸಹೋಗುವುದು.

ಮೊಳಕಾಲಷ್ಟು ದಪ್ಪ ಹಾಸಿದ್ದರೆ ನುಗ್ಗಲೇಬೇಡಿ. ನಿಲ್ಲಿಸಿ, ಇಳಿದು ಕೇಳಿ. ರೈತರು ಕವೆಗೋಲಿನಿಂದ ಒಂದು ಬದಿ ಸರಿಸಿ ದಾರಿ ಮಾಡಿಕೊಡುತ್ತಾರೆ, ಅವರ ವರ್ಷದ ದುಡಿಮೆ ಅಲ್ಲಿ ಬಿದ್ದಿರುತ್ತದೆ, ಹಾರ್ನ್ ಹೊಡೆದು ನುಗ್ಗುವುದು ಸರಿಯೂ ಅಲ್ಲ. ತೆಳ್ಳಗೆ ಹರಡಿದ್ದು ದಾಟಲೇಬೇಕೆಂದರೆ ಎರಡನೆಯ ಗೇರಿನಲ್ಲಿ 15ರಿಂದ 20 ಕಿ.ಮೀ. ವೇಗ ಹಿಡಿದು, ನಡುವೆ ನಿಲ್ಲಿಸದೆ, ಬ್ರೇಕ್ ಒತ್ತದೆ ಸಾಗಿ. ದಾಟಿದ ಮೇಲೆ ಇನ್ನೂರು ಮೀಟರ್ ಒಳಗೆ ಬರಿ ಟಾರಿನ ಮೇಲೆ ನಿಲ್ಲಿಸಿ ಎಂಜಿನ್ ಆಫ್ ಮಾಡಿ. ಒಣಹುಲ್ಲಿನ ಅಂಚಿನಲ್ಲಿ ನಿಲ್ಲಿಸಿದರೆ ಅದೂ ಹೊತ್ತಿಕೊಂಡೀತು. ಟಾರ್ಚ್ ಹಿಡಿದು ಎರಡೂ ಮುಂಚಕ್ರಗಳ ಒಳಬದಿ, ಹೊಗೆ ಕೊಳವೆಯ ಉದ್ದಕ್ಕೂ ನೋಡಿ. ಸುತ್ತಿಕೊಂಡಿದ್ದರೆ ದಪ್ಪ ಕೈಗವಸು ಹಾಕಿ ಕಿತ್ತು ತೆಗೆಯಿರಿ. ಬಿಗಿಯಾಗಿ ಸುತ್ತಿದ್ದನ್ನು ಎಳೆದಾಡಿದರೆ ಆಕ್ಸಲ್ಲಿನ ತುದಿಯ ರಬ್ಬರ್ ಬೂಟು ಹರಿಯುತ್ತದೆ, ಒಳಗಿನ ಗ್ರೀಸು ಹೊರಬಂದು ಸ್ವಲ್ಪ ದಿನದಲ್ಲೇ ಆ ಜಾಯಿಂಟು ಹಾಳಾಗುತ್ತದೆ. ಕುಡುಗೋಲಿನಿಂದ ಕೊಯ್ದು ಬಿಡಿಸುವುದೇ ಸರಿ.

ಸುಟ್ಟ ಹುಲ್ಲಿನ ವಾಸನೆ ಬಂದರೆ ಮುಂದಿನ ಊರಿನವರೆಗೆ ಹೋಗೋಣ ಎನ್ನಬೇಡಿ. ಬಣವೆ, ಮನೆಗಳಿಂದ ದೂರ ನಿಲ್ಲಿಸಿ, ಎಂಜಿನ್ ಆಫ್ ಮಾಡಿ, ಎಲ್ಲರನ್ನೂ ಮೊದಲು ಇಳಿಸಿ. ಹೊಗೆ ಬಾನೆಟ್ಟಿನಿಂದ ಬರುತ್ತಿದ್ದರೆ ಅದನ್ನು ಪೂರ್ತಿ ಎತ್ತಬೇಡಿ, ಗಾಳಿ ನುಗ್ಗಿ ಉರಿ ಏಳುತ್ತದೆ. ಸ್ವಲ್ಪವೇ ಸಂದು ಮಾಡಿ ಅಲ್ಲಿಂದ ಪುಡಿ ಸಿಂಪಡಿಸಿ. ಒಂದು ಕೆ.ಜಿ.ಯ ಎಬಿಸಿ ಪುಡಿಯ ಅಗ್ನಿಶಾಮಕ ಸಿಲಿಂಡರ್ ಡಿಕ್ಕಿಯಲ್ಲಿ ಬೇಡ, ಮುಂದಿನ ಸೀಟಿನ ಬಳಿ ಇರಲಿ. ಅದು ಕೆಲವೇ ಸೆಕೆಂಡಿನಲ್ಲಿ ಖಾಲಿಯಾಗುತ್ತದೆ. ಉರಿ ಆರದಿದ್ದರೆ ದೂರ ಸರಿದು 112ಕ್ಕೆ ಕರೆ ಮಾಡಿ.

ರಾತ್ರಿ ಇನ್ನೊಂದು ತೊಂದರೆ. ಕಾಳಿನ ಮೇಲೆ ವಾಹನ ಬಾರದಿರಲೆಂದು ಅಂಚಿಗೆ ಕಲ್ಲಿಟ್ಟಿರುತ್ತಾರೆ, ಕೆಲವೊಮ್ಮೆ ರಾಶಿ ಎತ್ತಿದ ಮೇಲೂ ಕಲ್ಲು ಅಲ್ಲೇ ಉಳಿಯುತ್ತದೆ. ದೀಪದ ಬೆಳಕಿಗೆ ಅದು ಟಾರಿನ ಬಣ್ಣದಲ್ಲೇ ಕರಗಿಹೋಗುತ್ತದೆ. ಬೈಕಿನವರಿಗೆ ಉದುರಿದ ಕಾಳು ಜಾರುಗುಂಡಿನಂತೆ. ಈ ಮೂರು ತಿಂಗಳು ಬಯಲುಸೀಮೆಯ ಹಳ್ಳಿ ರಸ್ತೆಗಳನ್ನು ಹಗಲಿನಲ್ಲಿ ಮಾತ್ರ ಓಡಿಸಿ.

ಪ್ರಶ್ನೆ: ಫೋನಿನ ಮ್ಯಾಪ್ ತೋರಿಸಿದ ಹತ್ತಿರದ ದಾರಿ ಕಾಫಿ ತೋಟದ ಗೇಟಿನಲ್ಲಿ ಮುಗಿದುಹೋಗುತ್ತದೆ. ಸರಿಯಾದ ರಸ್ತೆ ಗುರುತಿಸುವುದು ಹೇಗೆ? (ಹಾಸನದ ಓದುಗರು)

ಉತ್ತರ: ಮ್ಯಾಪಿಗೆ ತೋಟದ ಖಾಸಗಿ ದಾರಿಯೂ ಊರ ರಸ್ತೆಯೂ ಒಂದೇ ಗೆರೆ. ಉಪಗ್ರಹ ಚಿತ್ರ ತೆರೆದು ನೋಡಿ: ಗೆರೆ ಮರಗಳಡಿ ಮಾಯವಾಗಿ ಮತ್ತೆ ಕಾಣದಿದ್ದರೆ, ಅಥವಾ ಹಳ್ಳದ ಬಳಿ ಸೇತುವೆ ಕಾಣದಿದ್ದರೆ, ಆ ದಾರಿ ಬಿಡಿ. ಹೋಗುವ ತಾಲ್ಲೂಕುಗಳ ಮ್ಯಾಪನ್ನು ಮನೆಯಲ್ಲೇ ಡೌನ್‌ಲೋಡ್ ಮಾಡಿಕೊಳ್ಳಿ. ಗುರಿಯನ್ನು ಒಂದೇ ಸಲ ಹಾಕದೆ ಊರಿಂದ ಊರಿಗೆ ಹಾಕಿ, ಆಗ ಅಡ್ಡದಾರಿಗೆ ಎಳೆಯುವುದು ಕಡಿಮೆ.

ರಸ್ತೆಯ ಮೈಲಿಗಲ್ಲು ಮ್ಯಾಪಿಗಿಂತ ನಂಬಿಕಸ್ಥ. ತಲೆ ಹಳದಿಯಾಗಿದ್ದರೆ ರಾಷ್ಟ್ರೀಯ ಹೆದ್ದಾರಿ, ಹಸಿರಾದರೆ ರಾಜ್ಯ ಹೆದ್ದಾರಿ, ಕಪ್ಪು ಅಥವಾ ನೀಲಿಯಾದರೆ ಜಿಲ್ಲಾ ರಸ್ತೆ, ಕಿತ್ತಳೆಯಾದರೆ ಗ್ರಾಮ ರಸ್ತೆ. ಸಾವಕಾಶವಾಗಿ ಸುತ್ತುವವರಿಗೆ ಒಳ್ಳೆಯವು ಕಪ್ಪು ಮತ್ತು ಕಿತ್ತಳೆ. ಗ್ರಾಮ ಸಡಕ್ ಯೋಜನೆಯ ರಸ್ತೆ ಶುರುವಾಗುವಲ್ಲಿ ಎಲ್ಲಿಂದ ಎಲ್ಲಿಗೆ, ಎಷ್ಟು ಉದ್ದ ಎಂದು ಫಲಕವಿರುತ್ತದೆ. ಕೊನೆಯ ಹೆಸರು ಯಾವುದೋ ಕಾಲೊನಿಯದ್ದಾದರೆ ರಸ್ತೆ ಅಲ್ಲಿಗೇ ನಿಲ್ಲುವ ಸಂಭವ ಹೆಚ್ಚು. ದಾರಿ ಕೇಳುವಾಗ ‘ಇದು ಕೊಪ್ಪಕ್ಕೆ ಹೋಗುತ್ತಾ?’ ಎನ್ನಬೇಡಿ, ಹೋಗುತ್ತದೆ ಎಂದೇ ಉತ್ತರ ಬರುತ್ತದೆ. ‘ಕೊಪ್ಪದ ಬಸ್ಸು ಯಾವ ದಾರೀಲಿ ಹೋಗುತ್ತೆ?’ ಎಂದು ಕೇಳಿ. ಬಸ್ಸು ಹೋಗುವಲ್ಲಿ ಕಾರು ಹೋಗುತ್ತದೆ.

ಇಂಥ ಗ್ರಾಮ ರಸ್ತೆಯ ಟಾರು ಸಾಮಾನ್ಯವಾಗಿ 3.75 ಮೀಟರ್ ಅಗಲ. ಬಸ್ಸು ಸುಮಾರು ಎರಡೂವರೆ ಮೀಟರ್, ಸಣ್ಣ ಕಾರು 1.7 ಮೀಟರ್. ಇಬ್ಬರೂ ಟಾರಿನ ಮೇಲೇ ಉಳಿಯುವುದು ಸಾಧ್ಯವಿಲ್ಲ. ಬಸ್ಸಿನ ಹಾರ್ನ್ ಕೇಳಿದ ಕೂಡಲೇ ಅಗಲ ಜಾಗ ನೋಡಿ ನಿಂತುಬಿಡಿ, ಹಿಂದೆ ಬರುವುದಾದರೂ ನೀವೇ ಬನ್ನಿ. ಹುಲ್ಲು ಮುಚ್ಚಿದ ಅಂಚಿನ ಕೆಳಗೆ ಚರಂಡಿ ಇದೆಯೋ ಎಂದು ಒಬ್ಬರು ಇಳಿದು ನೋಡಿದ ಮೇಲೆಯೇ ಚಕ್ರ ಇಳಿಸಿ.

ಪ್ರಶ್ನೆ: ಆಗುಂಬೆ ಇಳಿಯುವಾಗ ಬ್ರೇಕಿನಿಂದ ಸುಟ್ಟ ವಾಸನೆ ಬರುತ್ತದೆ. ಕಾರು ಆಟೋಮ್ಯಾಟಿಕ್. (ಶಿವಮೊಗ್ಗದ ಓದುಗರು)

ಉತ್ತರ: ಡಿ ಗೇರಿನಲ್ಲೇ ಬಿಟ್ಟು ಪೆಡಲ್ ಒತ್ತಿಕೊಂಡೇ ಇಳಿದಿರುತ್ತೀರಿ. ಆಗುಂಬೆಯ ಹದಿನಾಲ್ಕು ತಿರುವುಗಳಲ್ಲಿ ಹಾಗೆ ಇಳಿದರೆ ಪ್ಯಾಡು ಕಾದು ಹಿಡಿತ ಕಳೆದುಕೊಳ್ಳುತ್ತದೆ. ಬ್ರೇಕ್ ಎಣ್ಣೆ ಹಳತಾಗಿ ನೀರಿನಂಶ ಎಳೆದುಕೊಂಡಿದ್ದರೆ ಅದು ಕುದ್ದು, ಪೆಡಲ್ ಮೆತ್ತಗೆ ನೆಲಕ್ಕೆ ಹೋಗಿಬಿಡುತ್ತದೆ. ಘಾಟಿಯ ತಲೆಯಲ್ಲೇ ಎಲ್, 2 ಅಥವಾ ಮ್ಯಾನ್ಯುವಲ್‌ಗೆ ಹಾಕಿ, ಎಂಜಿನ್ನೇ ಕಾರನ್ನು ಹಿಡಿದಿಡಲಿ. ಗೇರಿನ ಕಾರಿನವರು ಹತ್ತುವಾಗ ಯಾವ ಗೇರು ಬೇಕೋ ಅದರಲ್ಲೇ ಇಳಿಯಬೇಕು. ಬ್ರೇಕನ್ನು ತಿರುವಿಗೆ ಮೊದಲು ಒಮ್ಮೆ ಗಟ್ಟಿಯಾಗಿ ಒತ್ತಿ ಬಿಡಿ, ಸಣ್ಣಗೆ ಒತ್ತಿಕೊಂಡಿರುವುದು ಬೇಡ. ವಾಸನೆ ಬಂದರೆ ಅಗಲ ಜಾಗದಲ್ಲಿ ಅರ್ಧ ಗಂಟೆ ನಿಲ್ಲಿಸಿ, ಪಿ ಹಾಕಿ, ಚಕ್ರಕ್ಕೆ ಕಲ್ಲು ಕೊಡಿ. ಕಾದ ಡಿಸ್ಕಿಗೆ ನೀರು ಸುರಿಯಬೇಡಿ, ಅದು ಸೊಟ್ಟಗಾಗುತ್ತದೆ. ಬ್ರೇಕ್ ಎಣ್ಣೆ ಎರಡು ವರ್ಷಕ್ಕೊಮ್ಮೆ ಬದಲಾಗಲಿ. ಇಕ್ಕಟ್ಟಿನಲ್ಲಿ ಹತ್ತಿ ಬರುವ ವಾಹನಕ್ಕೆ ಮೊದಲ ಹಕ್ಕು. ಇಳಿಯುವವರು ನಿಲ್ಲಬೇಕು, ಇದು ಕಾನೂನು ಕೂಡ.

ಪ್ರಶ್ನೆ: ಹಳ್ಳಿಯಲ್ಲಿ ಟ್ಯೂಬ್‌ಲೆಸ್ ಟಯರ್ ಪಂಕ್ಚರ್ ಆದರೆ ನಾವೇ ಹಾಕಿಕೊಳ್ಳಬಹುದೇ? (ಮಡಿಕೇರಿಯ ಓದುಗರು)

ಉತ್ತರ: ನೆಲಕ್ಕೆ ತಾಗುವ ಭಾಗದಲ್ಲಿ ಮೊಳೆ ಹೊಕ್ಕಿದ್ದರೆ ಹಾಕಬಹುದು. ಮೊಳೆ ಯಾವ ಓರೆಯಲ್ಲಿ ಹೋಗಿದೆ ನೋಡಿಕೊಂಡು ಕೀಳಿ. ಅದೇ ಓರೆಯಲ್ಲಿ ಪಂಕ್ಚರ್ ಕಿಟ್ಟಿನ ಅರವನ್ನು ಐದಾರು ಸಲ ಆಡಿಸಿ ತೂತು ಉಜ್ಜಿ. ಸೂಜಿಗೆ ಪೋಣಿಸಿದ ರಬ್ಬರ್ ಬತ್ತಿಗೆ ಅಂಟು ಸವರಿ, ಎರಡು ತುದಿ ಅರ್ಧ ಇಂಚು ಹೊರಗುಳಿಯುವಂತೆ ತಳ್ಳಿ, ತಿರುಚದೆ ಒಂದೇ ಎಳೆತಕ್ಕೆ ಸೂಜಿ ಹೊರತೆಗೆಯಿರಿ. ಗಾಳಿ ತುಂಬಿಸಿದ ಮೇಲೆ ಸೋಪುನೀರು ಹಾಕಿ ಗುಳ್ಳೆ ಏಳುವುದಿಲ್ಲವೆಂದು ಖಚಿತ ಮಾಡಿಕೊಳ್ಳಿ. ಪಕ್ಕದ ಗೋಡೆ ಹರಿದಿದ್ದರೆ ಬತ್ತಿ ನಿಲ್ಲುವುದಿಲ್ಲ, ಸ್ಟೆಪ್ನಿಯೇ ಗತಿ. ಹೊರಡುವ ಮುನ್ನ ಸ್ಟೆಪ್ನಿಯ ಗಾಳಿಯನ್ನೂ ನೋಡಿ, ಬಹಳ ಜನ ಮರೆಯುವುದು ಅದನ್ನೇ. ಮಣ್ಣಿನಲ್ಲಿ ಜಾಕ್ ಹೂತುಹೋಗುತ್ತದೆ, ಒಂದು ಅಡಿ ಚೌಕದ ಒಂದಿಂಚು ದಪ್ಪ ಹಲಗೆ ಇಟ್ಟುಕೊಂಡಿರಿ.

ಪ್ರಶ್ನೆ: ವಿದ್ಯುತ್ ಕಾರಿನಲ್ಲಿ ಇಂಥ ಪ್ರವಾಸ ಸಾಧ್ಯವೇ? (ಉಡುಪಿಯ ಓದುಗರು)

ಉತ್ತರ: ದಿನಕ್ಕೆ ನೂರು ಕಿ.ಮೀ. ಮಿತಿ ಇಟ್ಟುಕೊಂಡರೆ ಸಲೀಸು. ತಂಗುವ ಮನೆಯಲ್ಲಿ 15 ಆಂಪಿಯರಿನ ಸಾಕೆಟ್ ಇದೆಯೇ, ಅರ್ತಿಂಗ್ ಸರಿಯಿದೆಯೇ ಎಂದು ಮೊದಲೇ ಕೇಳಿ. ಅರ್ತಿಂಗ್ ಇಲ್ಲದಿದ್ದರೆ ಹೆಚ್ಚಿನ ಚಾರ್ಜರುಗಳು ಚಾಲೂ ಆಗುವುದೇ ಇಲ್ಲ. ಅಂಥ ಸಾಕೆಟ್ಟಿನಿಂದ ಗಂಟೆಗೆ ಸುಮಾರು ಮೂರು ಯೂನಿಟ್ ಸಿಗುತ್ತದೆ, 30 ಯೂನಿಟ್ಟಿನ ಬ್ಯಾಟರಿಗೆ ಹತ್ತು ಗಂಟೆ. ಆ ಕರೆಂಟಿನ ಹಣವನ್ನು ಮನೆಯವರಿಗೆ ಬೇರೆಯಾಗಿಯೇ ಕೊಡಿ. ಘಾಟಿಯ ಮೇಲೆ ತಂಗಿದರೆ ಪೂರ್ತಿ ತುಂಬಿಸದೆ ಶೇ. 85–90ಕ್ಕೆ ನಿಲ್ಲಿಸಿ. ತುಂಬಿದ ಬ್ಯಾಟರಿ ಇಳಿಜಾರಿನ ಶಕ್ತಿಯನ್ನು ಹಿಂದಕ್ಕೆ ತೆಗೆದುಕೊಳ್ಳಲಾರದು, ಮೋಟಾರಿನ ಹಿಡಿತ ತಪ್ಪಿ ಭಾರವೆಲ್ಲ ಬ್ರೇಕಿನ ಮೇಲೆ ಬೀಳುತ್ತದೆ.

ಪ್ರಶ್ನೆ: ಮಳೆಗಾಲದಲ್ಲಿ ಹೋಗಬಹುದೇ? (ಧಾರವಾಡದ ಓದುಗರು)

ಉತ್ತರ: ಜುಲೈ, ಆಗಸ್ಟ್ ಬಿಟ್ಟುಬಿಡಿ. ಸೆಪ್ಟೆಂಬರ್ ಕೊನೆಯಿಂದ ಹಸಿರು ಹಾಗೇ ಇರುತ್ತದೆ, ಧರೆ ಕುಸಿಯುವುದು ಕಡಿಮೆಯಾಗಿರುತ್ತದೆ. ಮೋರಿಯ ಮೇಲೆ ಕೆಂಪು ನೀರು ಹರಿಯುತ್ತಿದ್ದರೆ ಎಷ್ಟು ತೆಳುವಾಗಿ ಕಂಡರೂ ಇಳಿಯಬೇಡಿ, ಅಡಿಯ ಟಾರು ಕೊಚ್ಚಿಹೋಗಿರುವುದು ಮೇಲಿನಿಂದ ಗೊತ್ತಾಗುವುದಿಲ್ಲ. ಉಂಬಳಕ್ಕೆ (ಕಾಡಿನ ಜಿಗಣೆಗೆ) ಹೊಗೆಸೊಪ್ಪು ನೆನೆಸಿದ ಎಣ್ಣೆಯನ್ನು ಕಾಲುಚೀಲದ ಹೊರಗೆ ಸವರಿ. ಹತ್ತಿದರೆ ಎಳೆಯದೆ ಉಗುರಿನಿಂದ ಬಾಯಿಯ ಬಳಿ ಜಾರಿಸಿ ಬಿಡಿಸಿ.

ಪ್ರಶ್ನೆ: ಬಂಡೀಪುರದ ದಾರಿಯಲ್ಲಿ ರಾತ್ರಿ ಬಿಡುತ್ತಾರೆಯೇ? (ಚಾಮರಾಜನಗರದ ಓದುಗರು)

ಉತ್ತರ: ಇಲ್ಲ. ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ಖಾಸಗಿ ವಾಹನಗಳಿಗೆ ಅಲ್ಲಿ ಪ್ರವೇಶವಿಲ್ಲ, 2009ರಿಂದಲೂ ಹೀಗೇ. ಹಗಲಿನಲ್ಲೂ ಕಾಡಿನ ನಡುವೆ ಕಾರು ನಿಲ್ಲಿಸಬೇಡಿ, ಕೋತಿಗೆ, ಜಿಂಕೆಗೆ ತಿನಿಸು ಎಸೆಯಬೇಡಿ. ತಿನಿಸಿನ ಆಸೆಗೆ ರಸ್ತೆ ಬದಿಗೆ ಬರುವುದನ್ನು ರೂಢಿ ಮಾಡಿಕೊಂಡ ಪ್ರಾಣಿ ಮುಂದಿನ ವಾಹನದ ಚಕ್ರಕ್ಕೆ ಸಿಗುತ್ತದೆ.