ಅಮೆರಿಕದ ವಿಶ್ವವಿದ್ಯಾಲಯದ ಕ್ರೀಡಾ ತಂಡಗಳ ಖರ್ಚನ್ನು ವಿದ್ಯಾರ್ಥಿಗಳ ಶುಲ್ಕದಿಂದ ಭರಿಸುತ್ತಾರೆಯೇ?

ಮಗಳು ಮಿಷಿಗನ್ ವಿಶ್ವವಿದ್ಯಾಲಯಕ್ಕೆ ಸೇರುತ್ತಿದ್ದಾಳೆ, ಅಲ್ಲಿನ ಕ್ರೀಡಾ ವಿಭಾಗದ ವೈಭವವೆಲ್ಲ ನಾವು ಕಟ್ಟುವ ಶುಲ್ಕದಿಂದಲೇ ನಡೆಯುತ್ತದೆಯೇ ಎಂದು ಕೇಳಿದ್ದೀರಿ. ನಾನು ಆ ವಿಶ್ವವಿದ್ಯಾಲಯವಿರುವ ಆನ್ ಆರ್ಬರ್ ಊರಿನಲ್ಲೇ ಸ್ನಾತಕೋತ್ತರ ಪದವಿಗೆ ಓದಿದವನು. ಅಲ್ಲಿನ ಮಟ್ಟಿಗೆ ಹೇಳುವುದಾದರೆ, ಆ ಭಾರವನ್ನು ಹೊರುವುದು ಮುಖ್ಯವಾಗಿ ಫುಟ್‌ಬಾಲ್. ಅಂದರೆ ಮೊಟ್ಟೆಯಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಅವರ ಫುಟ್‌ಬಾಲ್.

ನಮ್ಮಲ್ಲಿ ಅಂತರ ಕಾಲೇಜು ಕ್ರೀಡೆ ಎಂದರೆ ದೈಹಿಕ ಶಿಕ್ಷಣ ನಿರ್ದೇಶಕರೊಬ್ಬರು, ಒಂದಿಷ್ಟು ಟಿ.ಎ.-ಡಿ.ಎ., ಹಾಜರಾತಿಯಲ್ಲಿ ವಿನಾಯಿತಿ, ವಿಶ್ವವಿದ್ಯಾಲಯದ ತಂಡಕ್ಕೆ ಆಯ್ಕೆಯಾದರೆ ‘ಬ್ಲೂ’ ಎಂಬ ಗೌರವ. ಅದೇ ಕಲ್ಪನೆಯನ್ನು ಇಟ್ಟುಕೊಂಡು ಹೋದ ನನಗೆ ಫುಟ್‌ಬಾಲ್ ಪಂದ್ಯವಿದ್ದ ಮೊದಲ ಶನಿವಾರವೇ ದಿಗಿಲಾಯಿತು. ಊರಿನ ಜನಸಂಖ್ಯೆ ಸುಮಾರು 1.2 ಲಕ್ಷ, 1927ರಲ್ಲಿ ತೆರೆದ ಕ್ರೀಡಾಂಗಣದಲ್ಲಿ ಈಗ 1,07,601 ಆಸನಗಳಿವೆ. ಅದರ ಬಹುಭಾಗ ನೆಲಮಟ್ಟಕ್ಕಿಂತ ಕೆಳಗಿರುವುದರಿಂದ ರಸ್ತೆಯ ಕಡೆಯಿಂದ ಅಷ್ಟು ದೊಡ್ಡದೆನಿಸುವುದಿಲ್ಲ. ಗೇಟು ದಾಟಿ ನಾಲ್ಕು ಹೆಜ್ಜೆ ಇಟ್ಟ ಮೇಲೆ ಕಾಲಬುಡದಲ್ಲೇ ದೊಡ್ಡ ಬೋಗುಣಿಯೊಂದು ಬಾಯ್ತೆರೆಯುತ್ತದೆ. ಸುತ್ತಲಿನ ಮನೆಯವರು ರಟ್ಟಿನ ಫಲಕ ಹಿಡಿದು ನಿಂತು ತಮ್ಮ ಅಂಗಳದ ಹುಲ್ಲಿನ ಮೇಲೆಯೇ ಕಾರು ನಿಲ್ಲಿಸಿಕೊಂಡು ದುಡ್ಡು ಎಣಿಸುತ್ತಾರೆ.

ಈ ಟಿಕೆಟ್‌ಗಳ ಹಣ, ಟಿ.ವಿ. ಪ್ರಸಾರದ ಹಕ್ಕು, ಪ್ರಾಯೋಜಕರು, ಹಳೆಯ ವಿದ್ಯಾರ್ಥಿಗಳ ದೇಣಿಗೆ ಇವೆಲ್ಲ ಸೇರಿ ಈಜು, ಕುಸ್ತಿ, ಜಿಮ್ನಾಸ್ಟಿಕ್ಸ್ ಮುಂತಾದ ಒಟ್ಟು 29 ತಂಡಗಳನ್ನು ಸಾಕುತ್ತವೆ. ಮಹಿಳಾ ತಂಡಗಳು ಇಷ್ಟೊಂದು ಇರುವುದಕ್ಕೆ ಕಾರಣ ಉದಾರತೆಯೊಂದೇ ಅಲ್ಲ. ಕೇಂದ್ರದ ಅನುದಾನ ಪಡೆಯುವ ಶಿಕ್ಷಣ ಸಂಸ್ಥೆಗಳಲ್ಲಿ ಲಿಂಗ ತಾರತಮ್ಯ ಕೂಡದೆಂದು 1972ರಲ್ಲಿ ಬಂದ ‘ಟೈಟಲ್ ನೈನ್’ ಕಾನೂನಿನಿಂದಾಗಿ, ಫುಟ್‌ಬಾಲ್ ತಂಡವೊಂದೇ ನೂರರ ಆಸುಪಾಸು ಹುಡುಗರನ್ನು ಸೇರಿಸಿಕೊಂಡಾಗ, ಹುಡುಗಿಯರಿಗೂ ತಕ್ಕ ಅವಕಾಶ ಕೊಡಬೇಕಾಗುತ್ತದೆ. ದೊಡ್ಡ ತಂಡ ಬೇಡುವ ದೋಣಿ ಸ್ಪರ್ಧೆಯನ್ನು ಅನೇಕ ವಿಶ್ವವಿದ್ಯಾಲಯಗಳು ಮಹಿಳೆಯರಿಗಾಗಿ ಬೆಳೆಸಿದ್ದು ಹೀಗೆ.

ಆದರೆ ಇದನ್ನೇ ಇಡೀ ಅಮೆರಿಕಕ್ಕೆ ಅನ್ವಯಿಸಬೇಡಿ. ಅಷ್ಟು ದೊಡ್ಡ ಫುಟ್‌ಬಾಲ್ ಆದಾಯವಿಲ್ಲದ ಸಣ್ಣ ವಿಶ್ವವಿದ್ಯಾಲಯಗಳಲ್ಲಿ ಕ್ರೀಡಾ ಶುಲ್ಕವನ್ನು ವಿದ್ಯಾರ್ಥಿಗಳಿಂದಲೇ ವಸೂಲು ಮಾಡುವುದುಂಟು. ಶ್ರೀಮಂತ ವಿಭಾಗಗಳ ಲೆಕ್ಕಾಚಾರವೂ ಈಗ ಬದಲಾಗುತ್ತಿದೆ: 2021ರ ಜುಲೈನಿಂದ ಆಟಗಾರರು ತಮ್ಮ ಹೆಸರು, ಚಿತ್ರಗಳಿಂದ ಹಣ ಗಳಿಸಬಹುದಾಯಿತು, ನ್ಯಾಯಾಲಯ ಒಪ್ಪಿದ ರಾಜಿಯಂತೆ 2025ರ ಜುಲೈನಿಂದ ವಿಶ್ವವಿದ್ಯಾಲಯವೇ ಮೊದಲ ವರ್ಷ ಸುಮಾರು 2.05 ಕೋಟಿ ಡಾಲರ್‌ವರೆಗೆ ಅವರಿಗೆ ನೇರವಾಗಿ ಹಂಚಬಹುದು. ದುಡಿದವರಿಗೆ ಪಾಲು ಸಿಗುವುದು ನ್ಯಾಯವೇ, ಆದರೆ ಕಾಸು ತಾರದ ಈಜು, ಕುಸ್ತಿಯ ತಂಡಗಳ ಗತಿ ಏನೆಂಬ ಅಳುಕು ನನಗಿದೆ.

ನಿಮ್ಮ ಮಗಳು ಫುಟ್‌ಬಾಲ್ ಟಿಕೆಟ್ ಬೇಕಿದ್ದರೆ ಬೇರೆಯಾಗಿ ಕೊಳ್ಳಬೇಕು, ಬೇಡವಾದರೆ ಬಿಡಬಹುದು. ಮಿಷಿಗನ್‌ನ ಬದ್ಧ ಎದುರಾಳಿಯಾದ ಒಹಾಯೋ ಸ್ಟೇಟ್ ವಿಶ್ವವಿದ್ಯಾಲಯದ ವಿರುದ್ಧದ ಪಂದ್ಯ ಬೆಸ ಸಂಖ್ಯೆಯ ವರ್ಷಗಳಲ್ಲಿ ಅಲ್ಲೇ ನಡೆಯುತ್ತದೆ. ನವೆಂಬರ್ ಕೊನೆಯ ಚಳಿಯಲ್ಲಿ ಅಲ್ಯೂಮಿನಿಯಂ ಬೆಂಚಿನ ಮೇಲೆ ಮೂರು ಗಂಟೆಗೂ ಹೆಚ್ಚು ಕೂರಬೇಕಾದ್ದರಿಂದ ಉಣ್ಣೆಯ ಒಳಉಡುಪನ್ನು ಮರೆಯದೆ ಕಳುಹಿಸಿ.